ಕಾಯಿಲೆ ಬಿದ್ದ ದಿನದ ಕೂಲಿ

2016ರಲ್ಲಿ 73 ನಗರಗಳ ಸ್ವಚ್ಛತಾ ಸಮೀಕ್ಷೆಯಲ್ಲಿ ಮೈಸೂರು ದೇಶಕ್ಕೇ ಮೊದಲು ಬಂತು. ಪೊರಕೆ ಹಿಡಿದವರು ನಾವು, ನಮ್ಮವ್ವಂದಿರು. ಊರಿನ ದೂಳು ಈಗಲೂ ಅವರ ಎದೆಯೊಳಗೆ ಗೊರಗೊರ ಅನ್ನುತ್ತಿದೆ.

ಕಾರ್ಡೇನೋ ಇದೆ. 2018ರಲ್ಲಿ ಬಂದ ಆಯುಷ್ಮಾನ್ ಭಾರತ್–ಆರೋಗ್ಯ ಕರ್ನಾಟಕ. ಬಿಪಿಎಲ್ ಕುಟುಂಬಕ್ಕೆ ವರ್ಷಕ್ಕೆ 5 ಲಕ್ಷದವರೆಗೆ ಚಿಕಿತ್ಸೆ. ಅದರಿಂದ ಜೀವ ಉಳಿಸಿಕೊಂಡವರು ನಮ್ಮ ಕೇರಿಯಲ್ಲೇ ಇದ್ದಾರೆ, ಇಲ್ಲವೆಂದರೆ ಸುಳ್ಳಾದೀತು. ಆದರೆ ಹಾಸಿಗೆ ಹಿಡಿಯುವ ಮುಂಚಿನ ಮಾತೇನು? ಎರಡು ವಾರದಿಂದ ಕೆಮ್ಮುತ್ತಿದ್ದ ಅವ್ವನಿಗೆ ಕಫ ಪರೀಕ್ಷೆ ಮಾಡಿಸು, ಸರ್ಕಾರಿ ಆಸ್ಪತ್ರೆಯಲ್ಲಿ ಪುಕ್ಕಟೆ ಅಂದೆವು. ‘ಒಂದಿನ ಹೋದ್ರೆ ಹಾಜರಿ ಹೋಯ್ತದೆ. ಕೂಲಿ ಕಳ್ಕಂಡು ಔಸ್ತಿ ಕುಡುದ್ರೆ ಹೊಟ್ಟೆಗೇನ್ ತಿನ್ನಾದು ಮಗ?’ ಅಂದಳು. ಡಿಗ್ರಿ ಓದಿದ ನಮ್ಮ ಬಾಯಿ ಕಟ್ಟಿತು.

ಅವ್ವನ ಪ್ರಶ್ನೆಗೆ ಉತ್ತರ ಇಲ್ಲದೇ ಇಲ್ಲ. 1948ರ ಕಾಯಿದೆಯಿಂದ ಹುಟ್ಟಿದ ಇಎಸ್‌ಐನಲ್ಲಿ ಕಾಯಿಲೆಯ ರಜೆಗೂ ದುಡ್ಡುಂಟು: ವರ್ಷಕ್ಕೆ 91 ದಿನದವರೆಗೆ, ಕೂಲಿಯ ನೂರಕ್ಕೆ 70 ಪಾಲು. ಅದಕ್ಕೆ ನೂರಕ್ಕೆ 3.25 ಮಾಲೀಕನದು, 0.75 ನಮ್ಮದು. ನಮ್ಮದನ್ನು ಗುತ್ತಿಗೆದಾರ ತಿಂಗಳು ತಪ್ಪದೆ ಹಿಡಿದುಕೊಂಡ. ಕಟ್ಟಿದನೋ, ನುಂಗಿದನೋ? ಕೇಳಿದವರಿಗೆ ಮಾರನೇ ದಿನ ಕೆಲಸವಿರಲಿಲ್ಲ. ಇನ್ನು ಮನೆಯಲ್ಲೇ ಊದುಬತ್ತಿ ಹೊಸೆಯುವ ಅಕ್ಕಂದಿರು, ಮುಸುರೆ ತಿಕ್ಕುವವರು, ಗಾರೆ ಕೆಲಸದವರು ಆ ಇಎಸ್‌ಐನ ಹೊಸಿಲನ್ನೇ ಕಂಡಿಲ್ಲ.

ಕಾರ್ಡಿನ ಜೊತೆಗೆ ಕಾಯಿಲೆ ದಿನದ ಕೂಲಿಯನ್ನೂ ಕೊಡಿ ಅಂತ ಕೇಳುತ್ತಿದ್ದೇವೆ. ಗುತ್ತಿಗೆದಾರ ಕಟ್ಟಿದ ದುಡ್ಡಿನ ಲೆಕ್ಕವನ್ನು ಪ್ರತಿ ತಿಂಗಳು, ಹಾಜರಿ ಕೂಗುವ ಜಾಗದಲ್ಲೇ, ಕನ್ನಡದಲ್ಲಿ ಬರೆದು ಅಂಟಿಸಲಿ. ಓದಿ ಹೇಳುವುದಕ್ಕೆ ನಾವಿದ್ದೇವೆ.