ಇಲಿ ಬಿದ್ದ ಊರಿನ ಕಾದಂಬರಿ

ಎಸ್.ಎಲ್. ಭೈರಪ್ಪನವರ ‘ಗೃಹಭಂಗ’ ಪ್ರಕಟವಾದದ್ದು 1970ರಲ್ಲಿ. ಕತೆ ನಡೆಯುವುದು ತಿಪಟೂರು, ಚನ್ನರಾಯಪಟ್ಟಣ ಸೀಮೆಯ ರಾಮಸಂದ್ರದಲ್ಲಿ. ಲೇಖಕರ ಹುಟ್ಟೂರು ಸಂತೇಶಿವರವೂ ಚನ್ನರಾಯಪಟ್ಟಣ ತಾಲ್ಲೂಕಿನದೇ. ಹಾಸನ, ಹೊಳೆನರಸೀಪುರ, ಅರಕಲಗೂಡಿನ ಓದುಗರಿಗೆ ಇದರ ಮಾತು ಜಗುಲಿಯ ಮೇಲೆ ಕೇಳಿದ ಮಾತಿನಷ್ಟು ಹತ್ತಿರ. ಅತ್ತೆ ಗಂಗಮ್ಮನ ಬೈಗುಳವನ್ನಂತೂ ಕಣ್ಣಲ್ಲಿ ಓದಿದರೆ ಸಾಲದು, ಬಾಯಿಬಿಟ್ಟು ಓದಬೇಕು.

ಕಾದಂಬರಿಯ ಜೀವ ನಂಜಮ್ಮ. ಗಂಡ ಚೆನ್ನಿಗರಾಯ ಹೆಸರಿಗೆ ಶಾನುಭೋಗ. ಊಟ ಬಿಟ್ಟರೆ ಅವನಿಗೆ ಬೇರೆ ಚಿಂತೆಯಿಲ್ಲ. ಲೆಕ್ಕದ ಪುಸ್ತಕಕ್ಕೆ ಗೆರೆ ಎಳೆದು, ಕಂದಾಯದ ಬಾಬ್ತು ಬರೆಯುವವಳು ಹೆಂಡತಿ. ಅದೂ ಸಾಲದಾದಾಗ ಅವಳು ಮುತ್ತುಗದ ಎಲೆ ಹಚ್ಚಿ ಮಾರುತ್ತಾಳೆ. ಈ ಸೀಮೆಯಲ್ಲಿ ಬೆಳೆದವರಿಗೆ ಆ ಕೆಲಸ ಗೊತ್ತು: ಒಣಗಿದ ಎಲೆಗೆ ನೀರು ಚಿಮುಕಿಸಿ ಹದ ಮಾಡಿಕೊಳ್ಳಬೇಕು, ಅಂಚಿನ ಮೇಲೆ ಅಂಚು ಕೂರಿಸಬೇಕು, ಕಡ್ಡಿ ಚುಚ್ಚಿ ಉಳಿದ ತುದಿಯನ್ನು ಮುರಿಯಬೇಕು. ಎಲೆ ಹೆಚ್ಚು ಒಣಗಿದ್ದರೆ ಸೀಳುತ್ತದೆ, ಹಸಿಯಾಗಿದ್ದರೆ ಮುದುಡುತ್ತದೆ. ಮಕ್ಕಳ ಹೊಟ್ಟೆ, ಮನೆಯ ಮರ್ಯಾದೆ ಎರಡೂ ಆ ಕಡ್ಡಿಯ ಮೇಲೆ ನಿಂತಿವೆ. ಬದುಕಿಗೆ ಅರ್ಥವೇನೆಂದು ನಂಜಮ್ಮ ಎಲ್ಲಿಯೂ ಕೇಳುವುದಿಲ್ಲ. ಕೇಳದೆಯೇ ಅವಳು ಕೊಡುವ ಉತ್ತರಕ್ಕಾಗಿಯೇ ಈ ಪುಸ್ತಕವನ್ನು ಮತ್ತೆ ಮತ್ತೆ ಕೈಗೆತ್ತಿಕೊಳ್ಳಬೇಕೆನಿಸುತ್ತದೆ.

ಆಮೇಲೆ ಪ್ಲೇಗು. 1898ರಲ್ಲಿ ಬೆಂಗಳೂರಿಗೆ ಕಾಲಿಟ್ಟ ಈ ರೋಗ ಹಳೇ ಮೈಸೂರಿನ ಹಳ್ಳಿಗಳನ್ನು ದಶಕಗಳ ಕಾಲ ಕಾಡಿತು. ಮನೆಯಲ್ಲಿ ಇಲಿ ಬಿತ್ತೆಂದರೆ ಊರೇ ಹೊರಗೆ ಗುಡಿಸಲು ಹಾಕಿಕೊಳ್ಳುತ್ತಿತ್ತು. ಸತ್ತ ಇಲಿಯ ಮೈಯಿಂದ ಚಿಗಟ ಮನುಷ್ಯರಿಗೆ ಹಾರುತ್ತದೆ. ಜ್ವರ ಏರುತ್ತದೆ, ಕಂಕುಳಲ್ಲೋ ತೊಡೆಸಂದಿಯಲ್ಲೋ ಗಡ್ಡೆ ಏಳುತ್ತದೆ. ಕಾದಂಬರಿಯಲ್ಲಿ ಮಗಳು ಪಾರ್ವತಿ, ಮಗ ರಾಮಣ್ಣ ಒಬ್ಬರ ಹಿಂದೊಬ್ಬರು ಹೋಗುತ್ತಾರೆ. ಮುಂದೆ ನಂಜಮ್ಮನೂ ಹೋಗುತ್ತಾಳೆ. ಈ ಪುಟಗಳಲ್ಲಿ ಭೈರಪ್ಪನವರು ದನಿ ಏರಿಸುವುದಿಲ್ಲ, ದುಃಖಕ್ಕೆ ಉಪಮೆ ಹುಡುಕುವುದಿಲ್ಲ. ಯಾರು ಏನು ಮಾಡಿದರು ಎಂದಷ್ಟೇ ಹೇಳಿ ಮುಂದೆ ನಡೆಯುತ್ತಾರೆ. ಓದುವವರಿಗೆ ಮಾತ್ರ ಹಾಗೆ ಮುಂದೆ ನಡೆಯಲು ಆಗುವುದಿಲ್ಲ.

ಜಪಾನಿನ ನಟ್ಸುಮೆ ಸೋಸೆಕಿಯ ‘ಕೊಕೊರೊ’ (1914) ಕೂಡ ಸಾವನ್ನೇ ಕುರಿತದ್ದು. ಗೆಳೆಯನ ಆತ್ಮಹತ್ಯೆಯ ಹೊರೆ ಹೊತ್ತ ಒಬ್ಬ ಹಿರಿಯ ತನ್ನ ಕತೆಯನ್ನೆಲ್ಲ ಉದ್ದದ ಪತ್ರವಾಗಿ ಬರೆದು ಕಿರಿಯನಿಗೆ ಕಳಿಸುತ್ತಾನೆ. ಅಲ್ಲಿ ಸಾವು ಒಂಟಿ ಮನಸ್ಸಿನೊಳಗೆ ವರ್ಷಗಟ್ಟಲೆ ಬೇಯುತ್ತದೆ. ರಾಮಸಂದ್ರದಲ್ಲಿ ಅದಕ್ಕೆ ಬಿಡುವಿಲ್ಲ; ಹೆಣ ಹೊರುವ ಹೆಗಲು ಬೇಕು, ಉಳಿದ ಮಗುವಿಗೆ ಊಟ ಬೇಕು. ಎರಡೂ ದೊಡ್ಡ ಕೃತಿಗಳೇ. ಆದರೂ ತಾಯಿಯಿಲ್ಲದೆ ಉಳಿದ ಮಗ ವಿಶ್ವನನ್ನು ಭಿಕ್ಷೆಯೆತ್ತಿ ಬದುಕುವ ಮಾದೇವಯ್ಯನವರು ಕರೆದುಕೊಂಡು ಹೊರಡುವ ಕೊನೆಯ ಭಾಗದಲ್ಲಿ ‘ಗೃಹಭಂಗ’ ಒಂದು ಹೆಜ್ಜೆ ಮುಂದೆ ಹೋಗುತ್ತದೆ: ನೆಂಟರು ಕೈಬಿಟ್ಟ ಹುಡುಗನಿಗೆ ಬೇರೆ ಜಾತಿಯ ಜಂಗಮರೇ ನೆಂಟರು.

ಭೈರಪ್ಪನವರು ತಾಯಿಯನ್ನೂ ಒಡಹುಟ್ಟಿದವರನ್ನೂ ಎಳವೆಯಲ್ಲೇ ಪ್ಲೇಗಿನಲ್ಲಿ ಕಳೆದುಕೊಂಡವರು. 1996ರ ಆತ್ಮಕಥೆ ‘ಭಿತ್ತಿ’ಯಲ್ಲಿ ಆ ನಷ್ಟದ ವಿವರಗಳಿವೆ. 2025ರ ಸೆಪ್ಟೆಂಬರ್ 24ರಂದು ಅವರು ತೀರಿಕೊಂಡರು. ಕಾದಂಬರಿ, ಆತ್ಮಕಥೆ ಎರಡನ್ನೂ ಓದುವವರು ‘ಗೃಹಭಂಗ’ವನ್ನು ಮೊದಲು ಓದುವುದು ಒಳ್ಳೆಯದು. ‘ಭಿತ್ತಿ’ ಮೊದಲಾದರೆ ನಂಜಮ್ಮನಲ್ಲಿ ಲೇಖಕರ ತಾಯಿಯನ್ನೇ ಹುಡುಕುತ್ತ ಕೂರುವಂತಾಗುತ್ತದೆ.