ವಿಶ್ವಾಮಿತ್ರಿ: ಪಾವಾಗಡದಿಂದ ಸಮುದ್ರದವರೆಗೆ



ಸೂರತ್‌ನಲ್ಲಿರುವ ನಿಮ್ಮ ಗೆಳೆಯರಿಗೆ ತಾಪಿ ಇದೆ, ಅಹಮದಾಬಾದಿನವರಿಗೆ ಸಾಬರಮತಿ ಇದೆ. ತಾಪಿ ಮಧ್ಯಪ್ರದೇಶದ ಮುಲ್ತಾಯಿಯಲ್ಲಿ ಹುಟ್ಟಿ ಸುಮಾರು 724 ಕಿಲೋಮೀಟರ್ ಹರಿದು ಬರುತ್ತದೆ. ಸಾಬರಮತಿ ರಾಜಸ್ಥಾನದ ಅರಾವಳಿಯಿಂದ ಇಳಿಯುತ್ತದೆ. ಇವುಗಳ ಮುಂದೆ ವಡೋದರಾದ ವಿಶ್ವಾಮಿತ್ರಿ ತೀರ ಚಿಕ್ಕದು. ಆದರೂ ನದಿಯೆಂದರೇನು ಎಂದು ಅರಿಯಲು ಈ ಪುಟ್ಟ ನದಿಯೇ ಒಳ್ಳೆಯ ಗುರು.

ಸುಮಾರು 800 ಮೀಟರ್ ಎತ್ತರದ ಪಾವಾಗಡ ಬೆಟ್ಟವನ್ನು ನೀವೆಲ್ಲ ಹತ್ತಿರುತ್ತೀರಿ. ಅಲ್ಲಿಯೇ ವಿಶ್ವಾಮಿತ್ರಿಯ ಮೂಲ. ಅಲ್ಲಿಂದ ಪಶ್ಚಿಮಕ್ಕೆ ಹರಿದು, ಸೂರ್ಯಾ ಎಂಬ ಉಪನದಿಯನ್ನು ಕೂಡಿಕೊಂಡು ವಡೋದರಾ ಹೊಕ್ಕುತ್ತದೆ. ಆ ಸೂರ್ಯಾ ನದಿಗೇ ಮಹಾರಾಜಾ ಸಯಾಜಿರಾವ್ ಗಾಯಕವಾಡರು ಊರಿನ ಕುಡಿಯುವ ನೀರಿಗಾಗಿ ಆಜವಾ ಕೆರೆ ಕಟ್ಟಿಸಿದರು. ಊರೊಳಗೆ ನದಿ ಹಾವಿನಂತೆ ಬಳುಕುತ್ತ, ಸಯಾಜಿಬಾಗ್ ಉದ್ಯಾನವನ್ನು ಹಾದು ದಕ್ಷಿಣಕ್ಕೆ ತಿರುಗುತ್ತದೆ. ಮುಂದೆ ಪಿಂಗಲವಾಡಾ ಬಳಿ ಢಾಢರ ನದಿಯಲ್ಲಿ ಸೇರಿ, ತನ್ನ ಹೆಸರನ್ನು ಬಿಟ್ಟುಕೊಟ್ಟು ಖಂಭಾತ್ ಕೊಲ್ಲಿಗೆ ಹೋಗುತ್ತದೆ. ತಾಪಿ, ಸಾಬರಮತಿಗಳೂ ಕೊನೆಗೆ ಸೇರುವುದು ಅದೇ ಕೊಲ್ಲಿಯನ್ನು!

ಬೇಸಿಗೆಯಲ್ಲಿ ಸೇತುವೆಯ ಮೇಲಿಂದ ನೋಡಿದರೆ ಕೊಳಕು ನೀರಿನ ಚರಂಡಿ ಎಂದು ಮೂಗು ಮುಚ್ಚಿಕೊಳ್ಳುತ್ತೀರಿ. ಆದರೆ ದಂಡೆಯ ಮೇಲೆ ಬಿಸಿಲು ಕಾಯಿಸುವ ಮೊಸಳೆಗಳನ್ನು ಮರೆಯಬೇಡಿ. ಇಂಥ ದೊಡ್ಡ ನಗರದ ನಡುವೆ ನೂರಾರು ಮೊಸಳೆಗಳು ಬಾಳುವ ನದಿ ಬಲು ಅಪರೂಪ.

ಮಳೆಗಾಲದ ಮಾತೇ ಬೇರೆ. 2019ರ ಜುಲೈ 31ರಂದು ವಡೋದರಾದಲ್ಲಿ ಒಂದೇ ದಿನ ಸುಮಾರು 500 ಮಿಲಿಮೀಟರ್ ಮಳೆ ಸುರಿಯಿತು. ಧಾರವಾಡದಲ್ಲಿ ವರ್ಷವಿಡೀ ಬೀಳುವುದು ಸುಮಾರು 800 ಮಿಲಿಮೀಟರ್! 2024ರ ಆಗಸ್ಟ್ ಕೊನೆಯಲ್ಲಿ ಮತ್ತೆ ಮನೆಗಳಿಗೆ ನೀರು ನುಗ್ಗಿತು. ಇದಕ್ಕೆ ಮಳೆಯೊಂದೇ ಕಾರಣವಲ್ಲ. ಆಜವಾ ತುಂಬಿ ಹೊರಚೆಲ್ಲಿದ ನೀರೂ ಇದೇ ಕಿರಿದಾದ ಪಾತ್ರಕ್ಕೆ ಬರಬೇಕು. ನೆಲವೋ ಸಮತಟ್ಟು, ನೀರು ಬೇಗ ಓಡುವುದಿಲ್ಲ. ಉಕ್ಕಿದ ನೀರನ್ನು ತಡೆದಿಟ್ಟುಕೊಳ್ಳುತ್ತಿದ್ದ ಕೊರಕಲುಗಳನ್ನು, ಇಲ್ಲಿನವರು ಕೋತರ ಎನ್ನುತ್ತಾರಲ್ಲ, ಅವುಗಳನ್ನು ನಾವು ಎಷ್ಟೋ ಕಡೆ ಮಣ್ಣು ತುಂಬಿ ಮನೆ ಕಟ್ಟಿದ್ದೇವೆ. ನದಿ ನಮ್ಮ ಮನೆಗೆ ಬಂತು ಎನ್ನುತ್ತೇವೆ. ನದಿಯ ಮನೆಗೆ ಹೋದವರು ನಾವೇ.

ನಿಮ್ಮ ತಂದೆತಾಯಿಯರ ಊರಿನಲ್ಲೂ ಇಂಥ ನದಿಗಳಿವೆ. ಧಾರವಾಡದಲ್ಲಿ ಹುಟ್ಟುವ ಶಾಲ್ಮಲಾ ಬೇಡ್ತಿಯನ್ನು ಕೂಡಿ, ಗಂಗಾವಳಿ ಎಂಬ ಹೆಸರಿನಲ್ಲಿ ಅಂಕೋಲಾ ಸೀಮೆಯಲ್ಲಿ ಅರಬ್ಬೀ ಸಮುದ್ರ ಸೇರುತ್ತದೆ. ಖಂಭಾತ್ ಕೊಲ್ಲಿಯೂ ಅದೇ ಸಮುದ್ರದ ಒಂದು ತೋಳು.

ಹಿರಿಯರು ಬಾಡಿಗೆ ಮನೆಯಲ್ಲಿ ಬಾಳು ಆರಂಭಿಸಿದ ಈ ಊರಿನಲ್ಲಿ ನಾಳೆ ಸ್ವಂತ ಮನೆ ಕೊಳ್ಳುವವರು ನೀವು. ಆಗ ಬೆಲೆಯ ಜೊತೆಗೆ ಇನ್ನೊಂದು ಪ್ರಶ್ನೆಯನ್ನೂ ಕೇಳಿ: ‘ಈ ಜಾಗ ಮೊದಲು ಕೋತರವಾಗಿತ್ತೇ?’ ಗುಜರಾತಿಯಲ್ಲೇ ಕೇಳಿ; ಉತ್ತರವನ್ನು ಮನೆಯಲ್ಲಿ ಕನ್ನಡದಲ್ಲಿ ಹೇಳಿ.