ಚಿರಸ್ಮರಣೆಯ ನಿರಂಜನ

1924ರಲ್ಲಿ ಜನಿಸಿದ ಕುಳಕುಂದ ಶಿವರಾಯರು ‘ನಿರಂಜನ’ರೆಂಬ ಹೆಸರಿನಿಂದ ಪತ್ರಕರ್ತರೂ ಕಾದಂಬರಿಕಾರರೂ ಆಗಿ ಪ್ರಸಿದ್ಧರಾದರು. ಈ ಎರಡು ಬಗೆಯ ಬರವಣಿಗೆಗೂ ಕಮ್ಯೂನಿಸ್ಟ್ ಚಳವಳಿಯೇ ಉಸಿರಾಗಿತ್ತು. ಅವರು ವಿದ್ಯಾರ್ಥಿಯಾಗಿದ್ದ ನೀಲೇಶ್ವರಕ್ಕೆ ಅನತಿದೂರದಲ್ಲಿರುವ ಕಯ್ಯೂರಿನ ರೈತರು ಜಮೀನ್ದಾರಿ ದಬ್ಬಾಳಿಕೆಗೆ ಎದುರಾಗಿ ನಿಂತರು. 1941ರ ಮಾರ್ಚ್‌ನಲ್ಲಿ ಅಲ್ಲಿ ಪೋಲೀಸನೊಬ್ಬನು ಹೊಳೆಯ ಪಾಲಾದನು; 1943ರ ಮಾರ್ಚ್ 29ರಂದು ನಾಲ್ವರು ರೈತ ತರುಣರನ್ನು ಕಣ್ಣೂರು ಸೆರೆಮನೆಯಲ್ಲಿ ಗಲ್ಲಿಗೇರಿಸಲಾಯಿತು. ಪತ್ರಿಕೆಗೆ ಅದು ನಾಲ್ಕು ದಿನದ ಸುದ್ದಿ. ಸುದ್ದಿ ಹಳತಾದ ಮೇಲೆಯೂ ಅದರ ಋಣ ತೀರಿರಲಿಲ್ಲ. ಹನ್ನೆರಡು ವರ್ಷಗಳ ಬಳಿಕ, 1955ರಲ್ಲಿ, ‘ಚಿರಸ್ಮರಣೆ’ ಕಾದಂಬರಿ ಹೊರಬಂದಿತು. ಮಲಯಾಳ ನುಡಿಯುವ ರೈತರ ಹೋರಾಟಕ್ಕೆ ಕನ್ನಡ ಗದ್ಯ ದನಿಯಾಯಿತು. ಮರುವರ್ಷ ಕಾಸರಗೋಡು ಕೇರಳಕ್ಕೆ ಸೇರಿತು. ಮುಂದೆ ಕೃತಿಯೂ ಮಲಯಾಳಕ್ಕೆ ಅನುವಾದಗೊಂಡಿತು. ಕಯ್ಯೂರಿನವರು ತಮ್ಮ ಕತೆಯನ್ನು ತಮ್ಮ ನುಡಿಯಲ್ಲಿಯೇ ಓದುವಂತಾಯಿತು.